ಬಾಲವಿರುವ ಗಾದಿ

ನಮ್ಮ ಮನೆಯ ಬಾಗಿಲು ಕಿರ್ರೆನ್ನುತ್ತಿತ್ತು. ಸಾದಾ ಕಿರ್ರಲ್ಲ, ಬೀದಿಯ ಆ ತುದಿಯಲ್ಲಿ ಹಾಲು ಅಳೆಯುವವನು ತಲೆಯೆತ್ತಿ ನೋಡುವಂಥದ್ದು. ಎಣ್ಣೆ ಹಾಕಿದೆ, ತುಪ್ಪ ಹಾಕಿದೆ, ಸಿಟ್ಟು ಬಂದ ದಿನ ಬಾಯಿಗೆ ಬಂದ ಹಾಗೆ ಬೈದೆ. ಬಡಗಿ ಬಂದು ಕೀಲು ಬದಲಾಯಿಸಿ ಹೋದರೆ ಹೊಸ ಕೀಲು ಹಳೆಯದಕ್ಕಿಂತ ಜೋರಾಗಿ ಕೂಗಿತು. ಬಾಗಿಲೊಂದೇ ಆಗಿದ್ದರೆ ಹೇಗೋ ಸಹಿಸಿಕೊಳ್ಳುತ್ತಿದ್ದೆ. ನಲ್ಲಿ ಸೋರುತ್ತಿತ್ತು, ಹೆಂಚು ಜಾರುತ್ತಿತ್ತು, ನಾನು ಕಾಳು ಹಾಕಿ ಸಾಕಿದ ಕೋಳಿ ಎದುರು ಮನೆಯ ಕಸ್ತೂರವ್ವನ ಹಿತ್ತಿಲಿಗೆ ಹೋಗಿ ಮೊಟ್ಟೆ ಇಟ್ಟು ಬರುತ್ತಿತ್ತು. ಕಾರಣ ಊರಿಗೆಲ್ಲ ಗೊತ್ತಿತ್ತು. ನಾನು ಮದುವೆಯಾಗಿ ಬಂದಾಗಿನಿಂದ ಒಂದು ವರ್ಷವೂ ಬೊಂಗೋರಾ ನಮ್ಮ ಮನೆಯನ್ನು ತುಳಿದಿರಲಿಲ್ಲ.

ನೀವು ಹೊರಗಿನವರು, ನಿಮಗೆ ಬಿಡಿಸಿ ಹೇಳಬೇಕು. ಬಹಳ ಹಿಂದೆ ಜಪಾನಿನ ಒಂದು ಸಿನಿಮಾ ಕಂಪನಿ ನಮ್ಮ ಊರಿಗೆ ಬಂದಿತ್ತು. ಬೊಂಗೋರಾ ಎಂಬ ದೈತ್ಯ ಮೃಗವೊಂದು ಕೆರೆಯಿಂದ ಎದ್ದು ಬಂದು ಊರನ್ನು ತುಳಿದು ಪುಡಿ ಮಾಡುವ ಸಿನಿಮಾ. ಅಂಥ ಸಿನಿಮಾ ಎಂದರೆ ಅವರ ದೇಶದಲ್ಲಿ ಮುದುಕರು ಮಕ್ಕಳೆಲ್ಲ ಮುಗಿಬೀಳುತ್ತಾರೆ. ರಟ್ಟು, ಸುಣ್ಣ, ತೆಳು ಹಲಗೆಗಳಿಂದ ಮೊಣಕಾಲೆತ್ತರದ ಊರನ್ನು ಕಟ್ಟುತ್ತಾರೆ. ರಬ್ಬರ್ ಚರ್ಮದ ಮೃಗವನ್ನು ಅದರೊಳಗೆ ಬಿಡುತ್ತಾರೆ. ಕ್ಯಾಮೆರಾವನ್ನು ನೆಲಕ್ಕೆ ತಾಗಿಸಿಟ್ಟು ಕೆಳಗಿನಿಂದ ತೆಗೆಯುತ್ತಾರೆ, ಪರದೆಯ ಮೇಲೆ ನೋಡಿದರೆ ಮೃಗದ ತಲೆ ಮುಗಿಲಿಗೆ ತಾಗುತ್ತದೆ. ಸಿನಿಮಾ ಮುಗಿಯಿತು, ಕಂಪನಿ ಗಂಟುಮೂಟೆ ಕಟ್ಟಿತು. ಪುಟ್ಟ ಊರನ್ನು ಕಟ್ಟಿದ ಕುಸಾನೋ ಎಂಬವರು ಮಾತ್ರ ಹೋಗಲಿಲ್ಲ. ಕೆರೆಯ ಬಯಲಲ್ಲಿ ಒಬ್ಬರೇ ನಿಂತು, "ಈ ಊರು ಭಾಳ ಚೆಂದ ಬೀಳತೈತಿ" ಎಂದರಂತೆ. ಅದಕ್ಕಿಂತ ದೊಡ್ಡ ಹೊಗಳಿಕೆ ಅವರ ಬಾಯಿಂದ ಈವರೆಗೆ ಬಂದಿಲ್ಲ.

ಮರುವರ್ಷ ಅದೇ ದಿನ ಊರಿನವರನ್ನೆಲ್ಲ ಕೂಡಿಸಿಕೊಂಡು ಅವರು ಮತ್ತೆ ಪುಟ್ಟ ಊರು ಕಟ್ಟಿದರು, ಬೊಂಗೋರಾ ಬಂದಿತು, ತುಳಿಯಿತು. ಆ ವರ್ಷ ಯಾರ ರಟ್ಟಿನ ಮನೆ ಬಿದ್ದಿತ್ತೋ ಅವರ ನಿಜವಾದ ಮನೆಯಲ್ಲಿ ಹಾಲು ಉಕ್ಕಿ ಚೆಲ್ಲಲಿಲ್ಲ, ಹೆಂಚು ಜಾರಲಿಲ್ಲ, ಬಾಗಿಲು ಸದ್ದು ಮಾಡಲಿಲ್ಲ. ಯಾಕೆ ಎಂದು ಕೇಳಬೇಡಿ, ನಾವು ಯಾರೂ ಕೇಳಿಲ್ಲ. ಅಂದಿನಿಂದ ನಮ್ಮಲ್ಲಿ ಹುಡುಗಿ ನೋಡಲು ಬಂದವರು ಉಪ್ಪಿಟ್ಟಿನ ತಟ್ಟೆ ಮುಟ್ಟುವ ಮೊದಲೇ "ಮನಿ ಬಿದ್ದೈತೇನ್ರಿ?" ಎನ್ನುತ್ತಾರೆ. ಬಿದ್ದಿದ್ದರೆ ಮುಖ ಅರಳುತ್ತದೆ. ಕಸ್ತೂರವ್ವನ ಮನೆಯಂತೂ ಲೆಕ್ಕವಿಲ್ಲದಷ್ಟು ಸಲ ಬಿದ್ದಿತ್ತು. ಅವಳು ನನ್ನೆದುರೇ ತನ್ನ ಬಾಗಿಲನ್ನು ತೆರೆದು ಮುಚ್ಚಿ, ತೆರೆದು ಮುಚ್ಚಿ, "ನೋಡವಾ ತುಳಜವ್ವ, ಬೆಣ್ಣಿ ಹಂಗ ಆಡತೈತಿ" ಎನ್ನುತ್ತಿದ್ದಳು. ನನಗೆ ಮೈಯೆಲ್ಲ ಉರಿಯುತ್ತಿತ್ತು.

ಕುಸಾನೋ ಅಜ್ಜನ ಕಟ್ಟಳೆಗಳು ಹೆಚ್ಚಿಲ್ಲ. ನಿನ್ನ ಮನೆಯನ್ನು ಇದ್ದಂತೆ ಕಟ್ಟು, ಗೋಡೆ ಬಿರುಕು ಬಿಟ್ಟಿದ್ದರೆ ಬಿರುಕನ್ನೂ ತೋರಿಸು. ಪುಟ್ಟ ಊರಿನೊಳಗೆ ಕಾಲಿಡುವ ಮೊದಲು ಅದಕ್ಕೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡು. ಮನೆ ಚೆನ್ನಾಗಿ ಬಿದ್ದರೆ ಕಟ್ಟಿದವರೇ ಮೊದಲು ಚಪ್ಪಾಳೆ ತಟ್ಟಬೇಕು. ದೊಡ್ಡದು ಯಾವಾಗಲೂ ನಿಧಾನ ನಡೆಯುತ್ತದೆ, ಅವಸರ ಮಾಡುವುದು ಸಣ್ಣದು. ಇವನ್ನೆಲ್ಲ ನಾವು ಭಾನುವಾರದ ಮ್ಯಾಟಿನಿಯಲ್ಲಿ ಕಲಿತೆವು. ಟಾಕೀಸಿನಲ್ಲಿ ಹಳೆಯ ಜಪಾನಿ ಮೃಗಗಳ ಸಿನಿಮಾ ಓಡುತ್ತದೆ, ಅಜ್ಜ ಪರದೆಯ ಪಕ್ಕ ಕೋಲು ಹಿಡಿದು ನಿಂತು ಮೃಗ, ಮಂತ್ರಿ, ವಿಜ್ಞಾನಿ, ಅಳುವ ಹೆಂಗಸು ಎಲ್ಲರ ಮಾತನ್ನೂ ನಮ್ಮ ಭಾಷೆಯಲ್ಲಿ ಹೇಳುತ್ತಾರೆ. ಮೂಕಿ ಸಿನಿಮಾದ ಕಾಲದಲ್ಲಿ ಅವರ ದೇಶದಲ್ಲಿ ಹೀಗೆ ಪಕ್ಕದಲ್ಲಿ ನಿಂತು ಹೇಳುವವರನ್ನು ಕೇಳುವುದಕ್ಕೆಂದೇ ಜನ ಬರುತ್ತಿದ್ದರಂತೆ.

ಎಲ್ಲಕ್ಕಿಂತ ದೊಡ್ಡ ಕಟ್ಟಳೆ ಬೇರೆಯದು. "ಒಳಗ ಯಾರೂ ಇಲ್ಲ." ಬೊಂಗೋರಾ ಅಂದರೆ ಬೊಂಗೋರಾ, ಅಷ್ಟೇ. ಅವರ ದೇಶದಲ್ಲಿ ಊರೂರಿಗೂ ಒಂದೊಂದು ಗೊಂಬೆವೇಷ ಇರುತ್ತದಂತೆ, ಬಂದವರಿಗೆ ಕೈ ಬೀಸುತ್ತದಂತೆ, ಅದರೊಳಗೆ ಯಾರಿದ್ದಾರೆಂದು ಕೇಳುವುದು ಮರ್ಯಾದೆಯಲ್ಲ. ನಮ್ಮಲ್ಲಿ ಅದು ಇನ್ನೂ ಬಿಗಿ. ಚರ್ಮವನ್ನು ಯಾರು ತೊಡುತ್ತಾರೆ ಎಂಬುದನ್ನು ಅಜ್ಜ ಕೂಡ ನೋಡುವುದಿಲ್ಲ, ಬೆನ್ನು ತಿರುಗಿಸಿ ನಿಲ್ಲುತ್ತಾರೆ. ತೊಟ್ಟವರು ಆ ದಿನ ಊರಲ್ಲಿ ಇಲ್ಲವೆಂದೇ ಲೆಕ್ಕ. ಕೆರೆಯಾಚೆಯ ಊರಲ್ಲೂ ಹಿಂದೆ ಇಂಥದ್ದೇ ಒಂದು ಮೃಗ ಬರುತ್ತಿತ್ತು. ಅಲ್ಲಿ ಯಾವನೋ ಅತಿ ಬುದ್ಧಿವಂತ ನಡುಬಯಲಲ್ಲಿ ಮೃಗಕ್ಕೆ ಹೆಸರು ಹಿಡಿದು ಕೂಗಿಬಿಟ್ಟ. ಮೃಗ ನಿಂತಲ್ಲೇ ನಿಂತಿತು, ಮತ್ತೆಂದೂ ಬರಲಿಲ್ಲ. ಗಾಳಿ ಈ ಕಡೆ ಬೀಸಿದರೆ ಆ ಊರಿನ ಅಷ್ಟೂ ಬಾಗಿಲುಗಳ ಸದ್ದು ನಮಗೆ ಕೇಳಿಸುತ್ತದೆ. ಹೊರಗಿನವರಿಗೆ ಹೇಳಿದರೆ ದೋಷವಿಲ್ಲ, ಅವರು ಹೇಗೂ ನಂಬುವುದಿಲ್ಲ. ಅದಕ್ಕೇ ನಿಮಗೆ ಹೇಳುತ್ತಿದ್ದೇನೆ.

ನಮ್ಮ ಮನೆಯವರ ಹೆಸರು ದ್ಯಾಮಣ್ಣ. ಟಾಕೀಸಿನಲ್ಲಿ ರೀಲು ಓಡಿಸುತ್ತಾರೆ. ಇರುವೆ ಸಾಲು ಕಂಡರೆ ಅದು ದಾಟುವವರೆಗೆ ನಿಲ್ಲುವ ಗಂಡಸು. ರೊಟ್ಟಿ ಹೊತ್ತಿದರೂ "ಸ್ವಲ್ಪ ಬಿಸಿಲು ತಾಗೇತಿ, ಅಷ್ಟ" ಎಂದು ತಿಂದು ಏಳುತ್ತಾರೆ. ಪ್ರತಿ ವರ್ಷ ಬೊಂಗೋರಾನ ದಿನ ಹತ್ತಿರ ಬಂತೆಂದರೆ ಕೈಚೀಲ ಹಿಡಿದು, ನೆಲ ನೋಡುತ್ತ, "ಅಕ್ಕನ ಊರಿಗೆ ಹೋಗಿ ಬರ್ತೀನಿ" ಎನ್ನುತ್ತಾರೆ. ಅವರಿಗೆ ಅಕ್ಕನೇ ಇಲ್ಲ. ಮದುವೆಯ ಮೊದಲ ವರ್ಷ ನಾನು ರಂಪ ಮಾಡಿದ್ದೆ. ಇಲ್ಲದ ಅಕ್ಕನ ಮನೆಗೆ ಹೋಗಲು ನನ್ನೊಬ್ಬಳನ್ನೇ ಬಿಟ್ಟು ಹೋದರಲ್ಲ ಎಂದು ಅಳುತ್ತಲೇ ಬಯಲಿಗೆ ಹೋಗಿ ನಿಂತೆ. ಬೊಂಗೋರಾ ಬಂದಿತು. ಗಡಿಯಾರದ ಗೋಪುರವನ್ನು ಬಾಲದಿಂದ ಹೊಡೆಯಿತು, ಟಾಕೀಸನ್ನು ಮೆಟ್ಟಿತು, ಮುಂದೆ ಬಂದದ್ದು ಥಟ್ಟನೆ ನಿಂತುಬಿಟ್ಟಿತು. ಕಾಲು ಎತ್ತಿದ್ದು ಎತ್ತಿದ ಹಾಗೇ ಇದೆ. ಇಡೀ ಊರು, ಮೃಗ ಏನೋ ಘೋರವಾದದ್ದನ್ನು ಯೋಚಿಸುತ್ತಿದೆ ಎಂದು ಉಸಿರು ಬಿಗಿಹಿಡಿಯಿತು. ಮುಂದಿನ ಸಾಲಲ್ಲಿ ಕೂತಿದ್ದ ನನಗೆ ಮಾತ್ರ ಕಂಡಿತು, ರಟ್ಟಿನ ಬೀದಿಗೆ ಅಡ್ಡಲಾಗಿ ಇರುವೆ ಸಾಲು ಹೋಗುತ್ತಿತ್ತು.

ಮರುದಿನ ಅವರು ಊದಿದ ಮೊಣಕಾಲಿನೊಂದಿಗೆ "ಅಕ್ಕನ ಊರಿಂದ" ಬಂದರು. ಬನಿಯನ್ ಹಿಂಡಿದರೆ ಅರ್ಧ ಚೆಂಬು ಬೆವರು. ನಾನು ಏನೂ ಕೇಳಲಿಲ್ಲ. ಬಿಸಿನೀರು ಕಾಸಿಕೊಟ್ಟು, "ಅಕ್ಕ ಆರಾಮ ಅದಾರ?" ಎಂದೆ. "ಆರಾಮ ಅದಾರ" ಎಂದರು. ಅಂದಿನಿಂದ ಆ ಅಕ್ಕನಿಗೆ ನಾನು ವರ್ಷವರ್ಷವೂ ಉಂಡಿ ಕಟ್ಟಿ ಕಳಿಸುತ್ತೇನೆ. ಆದರೆ ಈಗ ನಿಮಗೆ ನನ್ನ ಸಂಕಟ ತಿಳಿದಿರಬೇಕು. ತನ್ನ ಮನೆಯನ್ನು ತಾನೇ ತುಳಿದರೆ ಅದು ಪಕ್ಷಪಾತವಾಯಿತು ಎಂಬುದು ಆ ಮನುಷ್ಯನ ಲೆಕ್ಕಾಚಾರ. ಊರಿನವರ ಮನೆಗಳನ್ನೆಲ್ಲ ಮೆಟ್ಟಿ ಉದ್ಧಾರ ಮಾಡಿದರು, ನಮ್ಮ ಮನೆಯ ಹತ್ತಿರ ಬಂದಾಗ ಕಾಲು ಸರಿಸಿಕೊಂಡು ಹೋದರು. ಅದನ್ನು ಯಾರಿಗೂ ಹೇಳುವಂತಿಲ್ಲ, ಅವರಿಗಂತೂ ಹೇಳುವಂತೆಯೇ ಇಲ್ಲ. ಹೊಟ್ಟೆಯಲ್ಲಿ ಇಟ್ಟುಕೊಂಡು ಬಾಗಿಲಿಗೆ ಎಣ್ಣೆ ಹಾಕುತ್ತಿದ್ದೆ.

ನನ್ನ ಕೆಲಸ ಹಳೆ ಬಟ್ಟೆಯ ಚೂರು ಜೋಡಿಸಿ ಕೌದಿ ಹೊಲಿಯುವುದು. ಗಾದಿ ರಿಪೇರಿಯೂ ಮಾಡುತ್ತೇನೆ. ಪ್ರತಿ ವರ್ಷ ಕುಸಾನೋ ಅಜ್ಜ ತಳ್ಳುಗಾಡಿಯಲ್ಲಿ ಚಾದರ ಮುಚ್ಚಿದ ಒಂದು ಸರಂಜಾಮು ತಂದು, "ತುಳಜವ್ವ, ಒಂದು ಗಾದಿ ಹರದೈತಿ" ಎನ್ನುತ್ತಾರೆ. ಚಾದರದ ಕೆಳಗಿನಿಂದ ಹಸಿರು ಬಾಲ ಇಳಿಬಿದ್ದಿರುತ್ತದೆ. ಬಾಲವಿರುವ ಗಾದಿಯನ್ನು ನಾನು ಬೇರೆಲ್ಲೂ ಕಂಡಿಲ್ಲ, ಆದರೂ "ಆಗ್ಲಿ ಅಜ್ಜಾ, ಬಿಟ್ಟು ಹೋಗು" ಎನ್ನುತ್ತೇನೆ. ಈ ವರ್ಷ ಗಾದಿಗೆ ಹೊಸ ತಲೆ, ಹೊಸ ಕುತ್ತಿಗೆ. ಹಳೆಯದರ ಹಲ್ಲುಗಳ ನಡುವೆ ಸಂದಿಗಳಿದ್ದವು, ಹೊಸದರ ಬಾಯಿ ಬಿಗಿಯಾಗಿ ಮುಚ್ಚಿತ್ತು. ಭಯಂಕರವಾಗಿ ಕಾಣುತ್ತಿತ್ತು. ದವಡೆಯ ಕೆಳಗೆ ಮಾತ್ರ ಎರಡು ಬೆರಳು ತೂರುವಷ್ಟು ಒಂದು ತೂತು.

"ಅಯ್ಯ, ಇಲಿ ಕಡದೈತಲ್ಲ ಅಜ್ಜಾ!" ಎಂದೆ.

ಅಜ್ಜ ತೂತನ್ನು ನೋಡಿದರು, ನನ್ನನ್ನು ನೋಡಿದರು. "ಇಲಿ ಅಲ್ಲ" ಎಂದರು.

"ಮತ್ತ ಯಾಕ ಐತಿ ತೂತು?"

ಅವರ ಕಿವಿ ಕೆಂಪಾದವು. "ಅದು... ಇರಲಿ. ಚೆಂದ ಐತಿ."

ನನ್ನ ಶ್ರಮ ಉಳಿಸಲು ಹಾಗೆನ್ನುತ್ತಿದ್ದಾರೆಂದು ನಾನು ತಿಳಿದೆ. ನಮ್ಮ ಕಸುಬಿನಲ್ಲಿ ಕೈಗೆ ಬಂದ ವಸ್ತುವನ್ನು ತೂತಿನೊಂದಿಗೆ ವಾಪಸು ಕಳಿಸುವುದುಂಟೇ? ಒಳಗೊಂದು, ಹೊರಗೊಂದು ತೇಪೆ ಇಟ್ಟು ಹೊಲಿದೆ. ಅಂಥ ಹೊಲಿಗೆ ನನ್ನ ಜೀವಮಾನದಲ್ಲಿ ಹಾಕಿರಲಿಲ್ಲ. ಕೈಯಾಡಿಸಿದರೂ ಎಲ್ಲಿತ್ತು ತೂತು ಎಂದು ತಿಳಿಯಬಾರದು, ಹಾಗೆ. ಚಾದರದಲ್ಲಿ ಸುತ್ತಿ ನಾನೇ ಒಯ್ದು ಅಜ್ಜ ಕೆಲಸ ಮಾಡುವ ಗಿರಣಿಯಲ್ಲಿ ಇಟ್ಟು ಬಂದೆ. ಅಜ್ಜ ರಟ್ಟಿನ ಗೋಪುರದ ಗಡಿಯಾರಕ್ಕೆ ಮುಳ್ಳು ಜೋಡಿಸುತ್ತ ಕೂತಿದ್ದರು, ಎದ್ದು ಬರಲಿಲ್ಲ.

ಈ ವರ್ಷ ನಾನು ಒಂದು ನಿರ್ಧಾರ ಮಾಡಿಕೊಂಡಿದ್ದೆ. ನಮ್ಮ ರಟ್ಟಿನ ಮನೆ ಎಷ್ಟು ಚೆನ್ನಾಗಿರಬೇಕೆಂದರೆ, ತುಳಿಯದೆ ಹೋಗಲು ಕಾಲೇ ಒಪ್ಪಬಾರದು. ಜಾರಿದ ಹೆಂಚನ್ನು ಜಾರಿದಂತೆ ಇಟ್ಟೆ. ನಮ್ಮ ಮನೆಯವರ ಹಳೆಯ ನೀಲಿ ಅಂಗಿಯ ಚೂರುಗಳಿಂದ ಅಂಗೈಯಷ್ಟು ಕೌದಿ ಹೊಲಿದು ತಂತಿಗೆ ಹಾಕಿದೆ. ಎಡ ಚಪ್ಪಲಿ ಹೊಸ್ತಿಲಲ್ಲಿ, ಬಲದ್ದು ಮೆಟ್ಟಿಲ ಕೆಳಗೆ, ಅವರು ಬಿಡುವುದೇ ಹಾಗೆ. ಒಳಗೆ ಪುಟ್ಟ ಬಲ್ಬು. ಪುಟ್ಟ ಬಾಗಿಲಿಗೆ ತಗಡಿನ ಕೀಲು ಹಚ್ಚಿ, ಉಪ್ಪುನೀರು ಚಿಮುಕಿಸಿ ತುಕ್ಕು ಹಿಡಿಸಿದೆ. ಪರೀಕ್ಷೆಗೆ ಬಂದ ಅಜ್ಜ ಬೆರಳ ತುದಿಯಿಂದ ಅದನ್ನು ತಳ್ಳಿದರು. ಕಿರ್ ಎಂದಿತು. ಅಜ್ಜ ಆ ಮನೆಗೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದರು. ಹಿಂದೆ ನಿಂತಿದ್ದ ಕಸ್ತೂರವ್ವನ ಮುಖ ಸಣ್ಣದಾಯಿತು.

ಊರು ತುಳಿಯುವ ದಿನದ ಮುನ್ನಾದಿನ ಮಧ್ಯಾಹ್ನ ಬೊಂಗೋರಾ ಗಿರಣಿಯ ಹಜಾರದಲ್ಲಿ ನಿಲ್ಲುತ್ತದೆ. ಜನ ಒಬ್ಬೊಬ್ಬರಾಗಿ ಹೋಗಿ, ಕಾಲುಗುರು ಮುಟ್ಟಿ, ಕಿವಿಯಲ್ಲಿ ಹೇಳಬೇಕಾದ್ದನ್ನು ಹೇಳಿ ಬರುತ್ತಾರೆ. ಮೃಗ ಮಾತಾಡುವುದಿಲ್ಲ, ತಲೆ ಆಡಿಸುತ್ತದೆ ಅಷ್ಟೇ. ನಾನು ಎಂದೂ ಹೋಗಿರಲಿಲ್ಲ. ಬೆಳಿಗ್ಗೆಯಷ್ಟೇ ಕೈಚೀಲ ಕೊಟ್ಟು ಅಕ್ಕನ ಊರಿಗೆ ಕಳಿಸಿದವರ ಮುಂದೆ ನಿಂತು ಏನು ಹೇಳಲಿ? ಈ ಸಲ ಹೋದೆ. ನನ್ನ ಸರದಿ ಬಂದಾಗ ಕಾಲುಬೆರಳ ಮೇಲೆ ನಿಂತು ಆ ರಬ್ಬರ್ ಕಿವಿಗೆ ಬಾಯಿ ಹಚ್ಚಿದೆ.

"ನೋಡಪಾ ಬೊಂಗೋರಾ," ಎಂದೆ, "ನಮ್ಮ ಮನಿಯವರು ಊರಾಗಿಲ್ಲ, ಅದಕ್ಕ ಹೇಳಾಕ ಬಂದೀನಿ. ಅವರು ಭಾಳ ಒಳ್ಳೆಯವರು. ಅಷ್ಟು ಒಳ್ಳೆಯವರಾಗಬಾರದು ಯಾರೂ. ಊರಿನವರಿಗೆಲ್ಲ ಮಾಡತಾರ, ಹೆಂತಿಗೆ ಮಾಡೂದು ಬಂದ್ರ ನಾಚತಾರ. ನಂಗ ಬಾಗಿಲದ ಚಿಂತಿಲ್ಲ, ನಲ್ಲಿ ಚಿಂತಿಲ್ಲ. ನಮ್ಮ ಮನೀನೂ ಊರಾಗ ಐತಿ, ಇದನ್ನೂ ಒಮ್ಮೆ ತುಳೀಬಹುದು ಅಂತ ಅವರಿಗೆ ಅನಸಬೇಕಲ್ಲ? ಅವರ ಮ್ಯಾಲ ನಂಗ ಎಷ್ಟು ಜೀವ ಐತಿ ಅಂತ ಅವರಿಗೆ ಗೊತ್ತಿಲ್ಲ. ಹೇಳಿದ್ರ ಇಲ್ಲದ ಅಕ್ಕನ ಊರಿಗೆ ಓಡಿ ಹೋಗತಾರ. ಒಂದ ಸಲ, ಒಂದ ಹೆಜ್ಜಿ. ತುಳಿದು ಹೋಗು."

ಬೊಂಗೋರಾ ತಲೆ ಆಡಿಸಲಿಲ್ಲ. ಉಗುರಿನ ಕೈ ಎತ್ತಿ ದವಡೆಯ ಕೆಳಗೆ ಉಜ್ಜಿಕೊಂಡಿತು. ಮತ್ತೆ ಉಜ್ಜಿಕೊಂಡಿತು. ಅಳುತ್ತಿದ್ದಾರೆ ಎಂದುಕೊಂಡೆ. ನಾನೂ ಸೆರಗಿನಿಂದ ಕಣ್ಣೊರೆಸಿಕೊಂಡು ಬಂದೆ.

ಮರುದಿನ ಬಯಲು ತುಂಬಿತ್ತು. ಪುಟ್ಟ ಊರಿನ ಹಿಂದೆ ಅಜ್ಜ ಬಣ್ಣ ಬಳಿದ ದೊಡ್ಡ ಆಕಾಶದ ಪರದೆ, ಅದರ ಹಿಂದೆ ಕೆರೆ. ಮೃಗ ಬರುವುದೂ ಆಕಾಶದ ಹಿಂದಿನಿಂದ, ಹೋಗುವುದೂ ಅದರ ಹಿಂದಕ್ಕೆ. ಅಜ್ಜ ಮೈಕು ಹಿಡಿದು, "ನೆಲ ನಡಗತೈತಿ! ಕೆರಿ ಕುದೀತೈತಿ! ಊರವರೇ, ಓಡ್ರಿ!" ಎಂದು ಶುರು ಮಾಡಿದರು. ಯಾರೂ ಓಡಲಿಲ್ಲ, ಎಲ್ಲರೂ ಚುರುಮುರಿ ತಿನ್ನುತ್ತಿದ್ದರು. ಬೊಂಗೋರಾ ಬಂದಿತು. ಗಿರಣಿ ಬಿದ್ದಿತು, ಚಪ್ಪಾಳೆ. ಶಾಲೆ ಬಿದ್ದಿತು, ಮಕ್ಕಳ ಚಪ್ಪಾಳೆ ಇನ್ನೂ ಜೋರು. ಬಿಸಿಲು ಖಾರವಾಗಿತ್ತು. ಈ ಸಲ ಮೃಗದ ನಡಿಗೆ ಎಂದಿಗಿಂತ ನಿಧಾನ, ಎಂಥ ಗಾಂಭೀರ್ಯ ಎಂದು ಜನ ಮೆಚ್ಚಿಕೊಂಡರು.

ನಮ್ಮ ಓಣಿಗೆ ಬಂದಿತು. ನಮ್ಮ ಮನೆಯ ಮುಂದೆ ನಿಂತಿತು. ನಾನು ಕೌದಿಯ ಮೇಲೆ ಕೂತಿದ್ದವಳು ಮೊಣಕಾಲ ಮೇಲೆ ಎದ್ದೆ. ಕಾಲು ಎತ್ತಿತು, ಯವ್ವಾ, ಎತ್ತಿಯೇಬಿಟ್ಟಿತು! ಆಮೇಲೆ ಆ ನೀಲಿ ಕೌದಿಯನ್ನೂ ಚಪ್ಪಲಿಗಳನ್ನೂ ನೋಡಿ ಮೆಲ್ಲಗೆ ಪಕ್ಕಕ್ಕೆ ಇಳಿಸಿತು. ಮತ್ತೆ ಎತ್ತಿತು, ಮತ್ತೆ ಪಕ್ಕಕ್ಕೆ. ಅದರ ಕೈ ದವಡೆಯ ಕೆಳಗೆ ಹೋಗಿ ಉಜ್ಜತೊಡಗಿತು. ಅಳುವುದಕ್ಕೆ ಇದೇ ಹೊತ್ತೇ ಎಂದು ನನಗೆ ಸಿಟ್ಟು ನೆತ್ತಿಗೇರಿತು. ಅಷ್ಟರಲ್ಲಿ ಬೊಂಗೋರಾ ತೂಗಾಡಿತು, ನಮ್ಮ ಮನೆಯ ಕಡೆಗೇ ವಾಲಿತು. ಬೀಳುತ್ತ ಬೀಳುತ್ತ, ಆ ಪುಣ್ಯಾತ್ಮ, ಮೈ ತಿರುಗಿಸಿ ನಮ್ಮ ಮನೆಯನ್ನು ತಪ್ಪಿಸಿ, ಎದುರಿನ ಕಸ್ತೂರವ್ವನ ಮನೆಯ ಮೇಲೆ ಅಡ್ಡಡ್ಡ ಬಿದ್ದಿತು.

ಬಯಲೆಲ್ಲ ಎದ್ದು ನಿಂತಿತು. ಬೊಂಗೋರಾ ಬಿದ್ದದ್ದನ್ನು ಯಾರೂ ಎಂದೂ ಕಂಡಿರಲಿಲ್ಲ. ಎಲ್ಲರಿಗಿಂತ ಮೊದಲು ಚಪ್ಪಾಳೆ ತಟ್ಟಿದವಳು ಕಸ್ತೂರವ್ವ. ಮೃಗ ಏಳಲಿಲ್ಲ. ಉಗುರುಗಳು ದವಡೆಯನ್ನು ಕೆರೆಯುತ್ತಿದ್ದವು, ನಿಧಾನವಾಗಿ, ಇನ್ನೂ ನಿಧಾನವಾಗಿ. ಆಗ ನನಗೆ ಹೊಳೆಯಿತು. ಇಲಿ ಕಡಿದದ್ದಲ್ಲ ಅದು. ಅದು ಉಸಿರಿನ ತೂತು. ಅದನ್ನು ಎರಡೆರಡು ತೇಪೆ ಇಟ್ಟು ಮುಚ್ಚಿದವಳು ನಾನು, ಮುಚ್ಚಬೇಡ ಎಂದು ನನಗೆ ಬಾಯಿಬಿಟ್ಟು ಹೇಳುವ ದಾರಿ ಊರಲ್ಲಿ ಯಾರಿಗೂ ಇರಲಿಲ್ಲ.

ಚಪ್ಪಾಳೆ ನಿಂತಿತು. ಒಬ್ಬರೂ ಅಲುಗಲಿಲ್ಲ. ಯಾರಾದರೂ ಓಡಿಹೋಗಿ ಎತ್ತಿದರೆ ಒಳಗೆ ಒಬ್ಬರಿದ್ದಾರೆ ಎಂದು ಒಪ್ಪಿದಂತೆ. ಒಪ್ಪಿದರೆ ಬೊಂಗೋರಾ ಮುಗಿಯಿತು, ಊರು ಮುಗಿಯಿತು. ಎಲ್ಲರ ಮುಖವೂ ಬಿಳಿಚಿತ್ತು, ಎಲ್ಲರೂ ಪಕ್ಕದವರ ಮುಖ ನೋಡುತ್ತಿದ್ದರು. "ರೀ!" ಎಂಬ ಕೂಗು ನನ್ನ ಹಲ್ಲಿನವರೆಗೆ ಬಂದಿತ್ತು. ಹಲ್ಲು ಕಚ್ಚಿ ನುಂಗಿದೆ. ಹಾಗಂತ ನನ್ನ ಗಂಡನನ್ನು ಅಲ್ಲಿ ಬಿಡಲು ನಾನೇನು ಕಲ್ಲೇ? ಕೂತಿದ್ದ ಕೌದಿಯನ್ನು ಎಳೆದು ತಲೆಯ ಮೇಲಿಂದ ಹೊದ್ದುಕೊಂಡೆ, ಕೆಂಪು, ಹಳದಿ, ಹಸಿರು ಚೂರುಗಳ ದೊಡ್ಡ ಕೌದಿ. ಪುಟ್ಟ ಊರಿಗೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದೆ. ಹೊಟ್ಟೆಯೊಳಗಿನಿಂದ ಒಂದು ಗರ್ಜನೆ ತೆಗೆದೆ. ಇಷ್ಟು ವರ್ಷ ಬಾಗಿಲಿನ ಮೇಲಿದ್ದ ಸಿಟ್ಟೆಲ್ಲ ಅದರಲ್ಲಿತ್ತು.

ಗಡಿಯಾರದ ಗೋಪುರವನ್ನು ದಾಟಿ ಒಳಗೆ ಕಾಲಿಟ್ಟೆ. ಓಡಬೇಕು ಎಂದು ಮೈಯೆಲ್ಲ ಕೂಗುತ್ತಿತ್ತು. ಓಡಿದರೆ ನಾನು ತುಳಜವ್ವ, ಕೌದಿ ಹೊದ್ದ ಹೆಂಗಸು. ದೊಡ್ಡದು ನಿಧಾನ ನಡೆಯುತ್ತದೆ. ಒಂದು ಹೆಜ್ಜೆ ಇಟ್ಟೆ, ಅಂಚೆ ಕಚೇರಿ ಹೋಯಿತು. ನನ್ನ ದೇವರೇ, ಅಷ್ಟು ಕಷ್ಟದ ನಡಿಗೆಯನ್ನು ನಾನು ಜನ್ಮದಲ್ಲಿ ನಡೆದಿರಲಿಲ್ಲ. ಇನ್ನೊಂದು ಹೆಜ್ಜೆ, ಹೂವಿನ ಅಂಗಡಿ. ಆಗ ಅಜ್ಜನ ಧ್ವನಿ ಮೈಕಿನಲ್ಲಿ ಒಡೆದು ಬಂದಿತು: "ನೋಡ್ರಿ! ನೋಡ್ರಿ! ಗುಡ್ಡದ ಕಡಿಂದ ಇನ್ನೊಂದು ಬಂತು! ಬೊಂಗೋರಾನ ವೈರಿ!" ಜನ ಹೋ ಎಂದರು. ಆ ಕೂಗಿನಲ್ಲಿ ಅಳು ಬೆರೆತಿತ್ತು.

ಅವರಿಗೂ ನನಗೂ ನಡುವೆ ಉಳಿದದ್ದು ಒಂದೇ ಮನೆ. ಜಾರಿದ ಹೆಂಚು, ನೀಲಿ ಕೌದಿ, ಒಳಗೆ ಉರಿಯುವ ದೀಪ. ಬಳಸಿ ಹೋಗಬಹುದಿತ್ತು, ಬಳಸಲು ಹೊತ್ತಿರಲಿಲ್ಲ. ಕಾಲೆತ್ತಿ ನಟ್ಟನಡುವೆ ಇಟ್ಟೆ. ಕಿರ್ ಎಂದು ಒಂದೇ ಸಲ ಕೂಗಿ ನಮ್ಮ ಮನೆ ಬಿದ್ದಿತು.

ಬೊಂಗೋರಾನ ಎದೆಯ ಮೇಲೆ ಹತ್ತಿ ಕೂತು, ಕೌದಿಯನ್ನು ಇಬ್ಬರ ಮೇಲೂ ಹರಡಿ, ಅದರ ಗಂಟಲಿಗೆ ಬಾಯಿ ಹಾಕಿದೆ. ಬಾಳೆಲ್ಲ ದಾರ ಕಡಿದ ಹಲ್ಲು ನನ್ನವು. ಆದರೂ ಆ ಹೊಲಿಗೆ ಬಗ್ಗಬೇಕಲ್ಲ! ಇಷ್ಟು ಗಟ್ಟಿ ಹೊಲಿದ ಆ ಹೆಂಗಸನ್ನು ಮನಸ್ಸಿನಲ್ಲೇ ಬೈಯುತ್ತ ಒಂದೊಂದೇ ಎಳೆ ಕಡಿದೆ. ಹೊರಗಿನ ತೇಪೆ ಬಂತು, ಒಳಗಿನದು ಬಂತು. ತೂತಿನೊಳಗೆ ಬಾಯಿಟ್ಟು ಊದಿದೆ. ಒಳಗಿನಿಂದ ಬಿಸಿಯಾದ ಒಂದು ಉಸಿರು ನನ್ನ ಕೆನ್ನೆಗೆ ತಾಗಿತು. ಆಮೇಲೆ ಮತ್ತೊಂದು. ನಾನು ಅಲ್ಲೇ, ಅವರ ಗಂಟಲಿಗೆ ಮುಖ ಒತ್ತಿ, ಹೋ ಎಂದು ಅತ್ತೆ. ಬಯಲಿಗೆ ಅದು ಗರ್ಜನೆಯಂತೆ ಕೇಳಿಸಿತಂತೆ.

ಬೊಂಗೋರಾ ಎದ್ದಿತು. ಸ್ವಲ್ಪ ಹೊತ್ತು ಜಗಳವಾಡಬೇಕಾಯಿತು, ಜನ ಬಿಡಬೇಕಲ್ಲ. ಅದು ನನ್ನ ಹೆಗಲ ಮೇಲೆ ಕೈಯಿಟ್ಟಿತು, ನಾನು ಅದರ ಬಾಲ ಹಿಡಿದೆ, ಇಬ್ಬರೂ ಹೋಗುತ್ತ ಟಾಕೀಸನ್ನು ಮೆಟ್ಟಿ, ನಿಧಾನವಾಗಿ ಆಕಾಶದ ಹಿಂದಕ್ಕೆ ನಡೆದೆವು. ಅಲ್ಲಿ ಅವರು ತಲೆ ಕಳಚುವ ಸದ್ದು ಕೇಳಿದಾಗ ನಾನು ಬೆನ್ನು ತಿರುಗಿಸಿ ಕೆರೆ ನೋಡುತ್ತ ಕೂತೆ. ಅವರೂ ನನಗೆ ಬೆನ್ನು ಹಚ್ಚಿ ಕೂತರು. ಅವರ ಉಸಿರು ಏರುವುದೂ ಇಳಿಯುವುದೂ ನನ್ನ ಬೆನ್ನಿಗೆ ತಿಳಿಯುತ್ತಿತ್ತು, ನನಗೆ ಅಷ್ಟು ಸಾಕಾಗಿತ್ತು. ಅಜ್ಜ ಹಿಮ್ಮುಖವಾಗಿ ನಡೆದು ಬಂದು ಎರಡು ಲೋಟ ಚಹಾ ಇಟ್ಟು, ಯಾರನ್ನೂ ನೋಡದೆ, ಕೆರೆಗೆ ಹೇಳುವವರಂತೆ, "ಭಾಳ ಚೆಂದ ಬಿತ್ತು" ಎಂದು ಹೋದರು.

ಆ ರಾತ್ರಿ ಇಬ್ಬರೂ ಊರಲ್ಲಿ ಇಲ್ಲದವರೇ. ಮರುದಿನ ಬೆಳಿಗ್ಗೆ ಅವರಿಗಿಂತ ಮೊದಲು ನಾನು ಓಣಿಗೆ ಬಂದೆ. ಕಸ್ತೂರವ್ವ ಕಾದುಕೊಂಡು ನಿಂತಿದ್ದಳು. ನನ್ನನ್ನು ಮೇಲಿನಿಂದ ಕೆಳಗೆ ನೋಡಿದಳು, ಅವಳ ಕಣ್ಣು ಊದಿದ್ದವು.

"ಎಲ್ಲಿ ಹೋಗಿದ್ದೆವಾ ತುಳಜವ್ವ ನಿನ್ನೆ?" ಎಂದಳು.

"ಇಲ್ಲೇ, ಹೊರಗ ಹೋಗಿದ್ದೆ."

"ಅಯ್ಯ ನಿನ್ನ! ನೀ ಇರಬೇಕಿತ್ತು. ಬೊಂಗೋರಾ ನನ್ನ ಮನಿ ಮ್ಯಾಲ ಬಿತ್ತು! ಬರೇ ಕಾಲಲ್ಲ, ಇಡೀ ಮೃಗನ ಬಿತ್ತು, ಗೊತ್ತೇನು? ಆಮ್ಯಾಲ ಇನ್ನೊಂದು ಬಂತು ನೋಡು, ಹೆಣ್ಣು. ಬಣ್ಣಬಣ್ಣದ ಚರ್ಮ. ನಿನಗಿಂತ ಸ್ವಲ್ಪ ದಪ್ಪನ ಇತ್ತು ಬಿಡು." ಅವಳು ಸೆರಗಿನ ಕೆಳಗಿನಿಂದ ಒಂದು ಬಟ್ಟಲು ತೆಗೆದು ನನ್ನ ಕೈಗಿಟ್ಟಳು, ತುಂಬ ಸಕ್ಕರೆ. "ನಿನ್ನ ಮನೀನೂ ಬಿತ್ತು ತಂಗೀ. ನಾನ ಚಪ್ಪಾಳಿ ಹೊಡದೆ, ನೀ ಇರಲಿಲ್ಲಲ್ಲ." ಆಮೇಲೆ ನನ್ನನ್ನು ಗಟ್ಟಿಯಾಗಿ ತಬ್ಬಿಕೊಂಡು ಒಳಗೆ ಹೋದಳು.

ಹಿತ್ತಿಲಿಂದ ಮನೆಯೊಳಗೆ ಬಂದು, ಒಲೆ ಹಚ್ಚಿ ಒಗ್ಗರಣೆ ಹಾಕುತ್ತಿದ್ದೆ. ತಿರುಗಿ ನೋಡಿದರೆ ಅವರು ಕೈಚೀಲ ಹಿಡಿದು ಅಡುಗೆಮನೆಯ ಹೊಸ್ತಿಲಲ್ಲಿ ನಿಂತಿದ್ದರು. ಇಷ್ಟು ವರ್ಷ ನಮ್ಮ ಮುಂಬಾಗಿಲು ಅವರು ಬಂದರೆಂದು ಓಣಿಗೆಲ್ಲ ಸಾರುತ್ತಿತ್ತು, ಇವತ್ತು ತೆರೆದದ್ದೇ ನನಗೆ ಗೊತ್ತಾಗಲಿಲ್ಲ. ಇಬ್ಬರೂ ಬಾಗಿಲ ಕಡೆ ನೋಡಿದೆವು. ಅವರು ಹೋಗಿ ಅದನ್ನು ಒಮ್ಮೆ ಮುಚ್ಚಿ, ಮತ್ತೆ ತೆರೆದರು. ಒಂದಿಷ್ಟೂ ಸದ್ದಿಲ್ಲ.

"ಅಕ್ಕ ಆರಾಮ ಅದಾರ?" ಎಂದೆ.

"ಆರಾಮ ಅದಾರ. ಈ ಸಲ ಅಲ್ಲಿ ಗಾಳಿ ಭಾಳ ಕಡಿಮಿ ಇತ್ತು."

"ಕಿಡಕಿ ತಗೀಬೇಕಿಲ್ಲ?"

"ಯಾರೋ ಭಾಳ ಚೆಂದ ಹೊಲದು ಮುಚ್ಚಿದ್ರು." ನೆಲ ನೋಡುತ್ತ ಹೇಳಿದರು. "ಹರಿಯಾಕ ಮನಸ್ಸಾಗ್ಲಿಲ್ಲ."

ಸೌಟು ತೆಗೆದುಕೊಂಡು ಹೊಡೆಯಬೇಕೆನಿಸಿತು. ಕೆನ್ನೆಯೊರೆಸಿಕೊಂಡು ತಟ್ಟೆಗೆ ಉಪ್ಪಿಟ್ಟು ಹಾಕಿ ಮುಂದಿಟ್ಟೆ, ಮೇಲೆ ಕಸ್ತೂರವ್ವನ ಸಕ್ಕರೆ ಉದುರಿಸಿದೆ. ಅವರು ನಾಲ್ಕು ತುತ್ತು ತಿಂದು, ತಲೆ ತಗ್ಗಿಸಿಯೇ ಕೇಳಿದರು:

"ನಿನ್ನೆ ಇನ್ನೊಂದು ಮೃಗ ಬಂದಿತ್ತಂತಲ್ಲ, ಬಸ್ಸಿನಾಗ ಮಾತಾಡಾಕತ್ತಿದ್ರು. ಮುಂದಿನ ವರ್ಷಾನೂ ಬರತೈತಂತೇನು?"

"ನಂಗ ಹೆಂಗ ಗೊತ್ತಾಗ್ಬೇಕ್ರಿ?" ಎಂದೆ. "ಮುಂದಿನ ವರ್ಷ ಆ ದಿನ ನಾನೂ ನಿಮ್ಮ ಸಂಗಾಟ ಅಕ್ಕನ ಊರಿಗೆ ಬರ್ತೀನಿ."